ಕಟ್ಟಿದವರ ಹೆಸರು ಕೇಳುತ್ತಿದ್ದ ಸಾಬಣ್ಣ

ಹೈದರಾಬಾದಿನಲ್ಲಿ ಸಾಬಣ್ಣನವರ ಜೊತೆ ಒಂದು ಕಿಲೋಮೀಟರು ನಡೆಯಬೇಕಾದರೆ ಒಂದು ಗಂಟೆ ಹಿಡಿಯುತ್ತಿತ್ತು. ಅವರ ಕಾಲುಗಳು ಗಟ್ಟಿಯಾಗಿಯೇ ಇದ್ದವು. ತೊಂದರೆ ಇದ್ದದ್ದು ಕಟ್ಟಡಗಳದು. ದೊಡ್ಡ ಕಟ್ಟಡ ಯಾವುದು ಕಂಡರೂ ನಿಲ್ಲುತ್ತಿದ್ದರು. ಬಾಗಿಲ ಕಾವಲುಗಾರನನ್ನೋ ಎದುರಿನ ಪಾನ್ ಡಬ್ಬಾದವನನ್ನೋ ಇದನ್ನು ಕಟ್ಟಿದವರು ಯಾರು ಎಂದು ದಖನಿ ಉರ್ದುವಿನಲ್ಲಿ ವಿಚಾರಿಸುತ್ತಿದ್ದರು. ಅವನು ಮಾಲೀಕರ ಹೆಸರು ಹೇಳುತ್ತಿದ್ದ. ಕಟ್ಟಡ ತೀರ ಹಳೆಯದಾಗಿದ್ದರೆ ಯಾವುದೋ ನವಾಬರ ಹೆಸರು. ಸಾಬಣ್ಣ ಅದನ್ನು ಗೌರವದಿಂದ ಕೇಳಿಸಿಕೊಂಡು, ಗಾರೆ ಹೊತ್ತವರೂ ಅವರೇ ಏನು ಎಂದು ಇನ್ನೊಂದು ಪ್ರಶ್ನೆ ಹಾಕುತ್ತಿದ್ದರು. ಮುಖದಲ್ಲಿ ನಗೆಯ ಒಂದು ಗೆರೆಯೂ ಇರುತ್ತಿರಲಿಲ್ಲ. ಹಾಗಾಗಿ ಎದುರಿಗಿದ್ದವನಿಗೆ ಇದು ತಮಾಷೆಯೋ ಸರ್ಕಾರಿ ತನಿಖೆಯೋ ತಿಳಿಯುತ್ತಿರಲಿಲ್ಲ. ಹಿಮಾಯತ್‌ನಗರದಲ್ಲಿ ಒಬ್ಬ ಎದ್ದು ನಿಂತು ಸಲಾಮು ಹೊಡೆದದ್ದೂ ಉಂಟು.

ಅವರು ಸಾಕ್ಷ್ಯಚಿತ್ರ ತೆಗೆಯುತ್ತಿದ್ದರು. ಯಾದಗಿರಿ ಜಿಲ್ಲೆಯವರು. ತಂದೆ ತಾಯಿ ಕಲ್ಲು ಒಡೆಯಲು ಈ ಊರಿಗೆ ಬಂದಾಗ ಸಾಬಣ್ಣ ಕೈಗೂಸು. ಹತ್ತನೇ ಕ್ಲಾಸಿನವರೆಗೆ ತೆಲುಗಿನಲ್ಲಿ ಓದಿ, ಕಾಚಿಗೂಡದ ಒಂದು ಸ್ಟುಡಿಯೋ ಸೇರಿ ಮದುವೆಯ ವಿಡಿಯೋ ತೆಗೆಯುವುದನ್ನು ಕಲಿತರು. ಹದಿನೈದು ವರ್ಷ ಮದುವೆ ತೆಗೆದರು. ಅವರ ಮದುವೆ ವಿಡಿಯೋಗಳಲ್ಲಿ ಮದುಮಕ್ಕಳು ಸ್ವಲ್ಪ ಹೊತ್ತು, ಅಡುಗೆಯವರು ಬಹಳ ಹೊತ್ತು ಕಾಣಿಸುತ್ತಿದ್ದರಂತೆ. ಒಬ್ಬ ಬೀಗರು ಬಂದು, ನಮ್ಮ ಮಗಳಿಗೆ ತಾಳಿ ಕಟ್ಟುವಾಗ ನೀನು ಬದನೆಕಾಯಿ ಹೆಚ್ಚುವವಳನ್ನು ಯಾಕೆ ತೋರಿಸಿದೆ ಎಂದು ಜಗಳ ತೆಗೆದರಂತೆ. ಆಗ ಅಕ್ಷತೆಗೆ ಎಲ್ಲರೂ ಎದ್ದು ನಿಂತಿದ್ದರು, ಆಕೆಯೊಬ್ಬಳೇ ಕೂತು ಕೆಲಸ ಮಾಡುತ್ತಿದ್ದಳು, ಕಣ್ಣಿಗೆ ಬಿದ್ದಳು ಎಂದು ಸಾಬಣ್ಣ ಉತ್ತರ ಕೊಟ್ಟರು. ಸ್ಟುಡಿಯೋ ಕೆಲಸ ಅಲ್ಲಿಗೆ ಮುಗಿಯಿತು.

ಅವರ ಹೆಸರು ಈ ಊರಲ್ಲಿ ಸಾಕಷ್ಟು ಗೊಂದಲ ಮಾಡಿತ್ತು. ಯಾದಗಿರಿ ಕಡೆ ಓಣಿಗೆ ನಾಲ್ವರು ಸಾಬಣ್ಣಂದಿರು ಸಿಗುತ್ತಾರೆ, ಇಲ್ಲಿ ಹಾಗಲ್ಲ. ಬಾಡಿಗೆ ಮನೆ ಹುಡುಕುವಾಗ ಒಂದು ಕಡೆ ಹೆಸರು ಕೇಳಿದ ಕೂಡಲೇ ಮನೆ ಖಾಲಿ ಇಲ್ಲ ಎಂದರು. ಇನ್ನೊಂದು ಕಡೆ ಅದೇ ಹೆಸರು ಕೇಳಿ ಒಬ್ಬ ಮುಸ್ಲಿಂ ಹಿರಿಯರು ಸಂತೋಷದಿಂದ ಕೋಣೆ ಕೊಟ್ಟು, ರಂಜಾನಿನಲ್ಲಿ ಹಲೀಮು ಕಳಿಸಿದರು. ನಿಜ ಗೊತ್ತಾದ ಮೇಲೂ ಹಲೀಮು ನಿಲ್ಲಲಿಲ್ಲ. "ಹೆಸರಿನ ಅರ್ಧ ಕೇಳಿ ಒಬ್ಬರು ಮನಿ ಇಲ್ಲ ಅಂದ್ರು, ಅದ ಅರ್ಧ ಕೇಳಿ ಇನ್ನೊಬ್ಬರು ಕೊಟ್ರು. ಉಳಿದ ಅರ್ಧ ಇನ್ನೂ ಯಾರೂ ಕೇಳಿಲ್ರಿ" ಅನ್ನುತ್ತಿದ್ದರು.

ನನಗೆ ಅವರ ಪರಿಚಯವಾದದ್ದು ನಮ್ಮ ಕನ್ನಡ ಸಂಘದ ವಾರ್ಷಿಕೋತ್ಸವದಲ್ಲಿ. ನಾನು ಆಗ ಹಿಮಾಯತ್‌ನಗರದ ಒಂದು ವಿಮಾ ಕಚೇರಿಯಲ್ಲಿ ಕೆಲಸದಲ್ಲಿದ್ದೆ. ಸಂಘದ ಜಂಟಿ ಕಾರ್ಯದರ್ಶಿಯೂ ಆಗಿದ್ದೆ. ನಮ್ಮದು ಕಲಬುರಗಿ ಕಡೆಯ ಮನೆತನ, ತಂದೆಯ ಕಾಲಕ್ಕೇ ಇಲ್ಲಿಗೆ ಬಂದವರು. ಸಮಾರಂಭದ ವಿಡಿಯೋ ತೆಗೆಯಲು ಯಾರೋ ಸಾಬಣ್ಣನವರನ್ನು ಕರೆತಂದಿದ್ದರು. ಅಧ್ಯಕ್ಷರು ಹೊರನಾಡಿನಲ್ಲಿ ಕನ್ನಡದ ಸ್ಥಿತಿಗತಿ ಕುರಿತು ಒಂದು ಗಂಟೆ ಮಾತಾಡಿದರು. ನಮ್ಮ ಭಾಷೆ ಆಡುವವರೇ ಸಿಗುತ್ತಿಲ್ಲ ಎಂದು ಕನ್ನಡಕ ತೆಗೆದು ಒರೆಸಿಕೊಂಡರು. ನಾವು ಚಪ್ಪಾಳೆ ತಟ್ಟಿದೆವು.

ವಾರ ಕಳೆದು ವಿಡಿಯೋ ಬಂತು. ಅದರಲ್ಲಿ ಅಧ್ಯಕ್ಷರ ಭಾಷಣ ಎರಡು ನಿಮಿಷ ಇತ್ತು. ಆಮೇಲೆ ನಲವತ್ತು ನಿಮಿಷ ಭೀಮವ್ವ ಇದ್ದಳು. ಭೀಮವ್ವ ನಮ್ಮ ಸಭಾಂಗಣ ಗುಡಿಸಿ ಕುರ್ಚಿ ಜೋಡಿಸುವವಳು. ಹದಿನಾರು ವರ್ಷದಿಂದ ಅದೇ ಕೆಲಸ. ನಾವೆಲ್ಲ ಅವಳ ಜೊತೆ ತೆಲುಗಿನಲ್ಲಿ ಮಾತಾಡುತ್ತಿದ್ದೆವು, ಅವಳೂ ತೆಲುಗಿನಲ್ಲಿ ಉತ್ತರ ಕೊಡುತ್ತಿದ್ದಳು. ವಿಡಿಯೋದಲ್ಲಿ ಅವಳು ಹಿತ್ತಿಲ ಮೆಟ್ಟಿಲ ಮೇಲೆ ಕೂತು ಅಪ್ಪಟ ಸುರಪುರ ಸೀಮೆಯ ಕನ್ನಡದಲ್ಲಿ ತನ್ನ ಊರು, ತನ್ನ ತಾಯಿ, ತಾನು ಈ ಊರಿಗೆ ಬಂದ ಬಗೆ ಎಲ್ಲ ಹೇಳುತ್ತಿದ್ದಳು. ಒಳಗಿನಿಂದ ಅಧ್ಯಕ್ಷರ ದನಿ ಸಣ್ಣಗೆ ಕೇಳುತ್ತಿತ್ತು. ಕೊನೆಗೆ ಭೀಮವ್ವ ಅಂದಳು: "ಇವರು ಕನ್ನಡ ಭಾಷಣಕ್ಕಷ್ಟ ಇಟ್ಕೊಂಡಾರ ಅಂತ ಮಾಡಿದ್ದೆ. ನನ್ನ ಕೂಡ ಯಾವತ್ತೂ ಮಾತಾಡ್ಲಿಲ್ಲ."

ಅಧ್ಯಕ್ಷರು ಇದು ಸಂಘಕ್ಕೆ ಮಾಡಿದ ಅವಮಾನ ಎಂದರು. ಸಾಬಣ್ಣನವರನ್ನು ವಿಚಾರಿಸುವ ಕೆಲಸ ನನಗೆ ಬಿತ್ತು. ಅವರ ಕೋಣೆಗೆ ಹೋಗಿ, ನಿಮಗೆ ಸಮಾರಂಭ ತೆಗೆಯಲು ಹೇಳಿತ್ತಲ್ಲ ಎಂದೆ. ಅವರು ಚಹಾ ಸೋಸುತ್ತಿದ್ದರು. "ಹೊರನಾಡಿನ್ಯಾಗ ಕನ್ನಡದ ಸ್ಥಿತಿಗತಿ ಅಂತ ಬ್ಯಾನರ್ ಮ್ಯಾಲ ಬರದಿತ್ರಿ ಅಕ್ಕಾರ. ಅದನ್ನ ತಗದೀನಿ" ಅಂದರು. ಪ್ರತಿ ಭಾನುವಾರ ಭೀಮವ್ವನಿಗೆ ಕುರ್ಚಿ ಎಷ್ಟು ಸಾಲು ಎಂದು ತೆಲುಗಿನಲ್ಲಿ ಹೇಳುತ್ತಿದ್ದವಳು ನಾನೇ. ಚಹಾ ಕುಡಿದು ಹೊರಡುವ ಹೊತ್ತಿಗೆ, ಅವರು ಚಿತ್ರೀಕರಿಸಿದ ಮಾತುಗಳನ್ನೆಲ್ಲ ಬರೆದಿಟ್ಟುಕೊಂಡು ತೆಲುಗು, ಇಂಗ್ಲಿಷಿಗೆ ಮಾಡಿಕೊಡಲು ಒಪ್ಪಿಕೊಂಡಿದ್ದೆ. ಒಂಬತ್ತು ವರ್ಷ ಆ ಕೆಲಸ ಮಾಡಿದೆ.

ದಾರಿಯಲ್ಲಿ ಅಷ್ಟೊಂದು ಕೇಳುವ ಮನುಷ್ಯ ಕ್ಯಾಮೆರಾ ಇಟ್ಟ ಮೇಲೆ ಏನೂ ಕೇಳುತ್ತಿರಲಿಲ್ಲ. ಹೆಸರು, ಊರು, ಮಾಡುವ ಕೆಲಸ ಇಷ್ಟನ್ನು ಹೇಳಿಸಿ ಸುಮ್ಮನೆ ಕೂಡುತ್ತಿದ್ದರು. ಎದುರಿಗಿದ್ದವರೂ ಸುಮ್ಮನಿರುತ್ತಿದ್ದರು. ಐದು ನಿಮಿಷ, ಹತ್ತು ನಿಮಿಷ. ನನಗೆ ಮೈ ಪರಚಿಕೊಳ್ಳುವ ಹಾಗಾಗುತ್ತಿತ್ತು. ಆಮೇಲೆ ಎದುರಿಗಿದ್ದವರೇ ಎಲ್ಲಿಂದಲೋ ಮಾತು ತೆಗೆಯುತ್ತಿದ್ದರು, ಅದು ಯಾವ ಪ್ರಶ್ನೆಗೂ ಸಿಗುವ ಮಾತಾಗಿರುತ್ತಿರಲಿಲ್ಲ. ಯಾರಾದರೂ ಅಳತೊಡಗಿದರೆ ಸಾಬಣ್ಣ ಕ್ಯಾಮೆರಾ ನಿಲ್ಲಿಸಿ ನೀರು ತರಲು ಹೋಗುತ್ತಿದ್ದರು. ಚಿತ್ರ ತೆಗೆಯಲು ನೆರವು ಕೊಡುವ ಒಂದು ಸಂಸ್ಥೆಯವರು ಇದನ್ನು ಕೇಳಿ ಬೇಸರಪಟ್ಟರು. ಅದೇ ಸಂಸ್ಥೆಯ ಸಭೆಯಲ್ಲಿ ಅವರ ಚಿತ್ರವೊಂದನ್ನು ನೋಡಿ, ಎಲ್ಲ ಚೆನ್ನಾಗಿದೆ, ಆದರೆ ಸಾಮಾಜಿಕ ನ್ಯಾಯದ ಅಂಶ ಎಲ್ಲಿದೆ ಎಂದು ಒಬ್ಬರು ಕೇಳಿದರು. ಸಾಬಣ್ಣ ಸ್ವಲ್ಪ ಯೋಚಿಸಿ ಹೇಳಿದರು: "ಹನ್ನೊಂದನೇ ನಿಮಿಷದಾಗ ಐತ್ರಿ."

ಸಭೆಯವರು ಚಿತ್ರವನ್ನು ಹಿಂದಕ್ಕೆ ಸರಿಸಿ ಹನ್ನೊಂದನೇ ನಿಮಿಷ ನೋಡಿದರು. ಅದರಲ್ಲಿ ಕಟ್ಟಡದ ಕೆಲಸದ ಜಾಗಕ್ಕೆ ನೀರಿನ ಟ್ಯಾಂಕರು ಬಂದಿತ್ತು. ಆ ನೀರಿನಲ್ಲಿ ಯಾರೋ ಇಂಜಿನಿಯರರ ಕಾರು ತೊಳೆಯುತ್ತಿದ್ದರು. ಕೊಡ ಹಿಡಿದ ಆರು ಜನ ಹೆಂಗಸರು ಕಾರು ಸ್ವಚ್ಛವಾಗುವುದನ್ನು ನೋಡುತ್ತ ನಿಂತಿದ್ದರು. ಸಭೆಯವರು ಮುಂದಿನ ಚಿತ್ರ ಹಾಕಿಸಿದರು. ನೆರವು ಬರಲಿಲ್ಲ.

ಕೆಲಸ ಶುರು ಮಾಡುವ ಮೊದಲು ಸಾಬಣ್ಣ ಪ್ರತಿಯೊಬ್ಬರಿಗೂ ಒಂದು ಮಾತು ಕೊಡುತ್ತಿದ್ದರು. ಪೂರ್ತಿ ಆದ ಮೇಲೆ ನಿಮಗೆ ತೋರಿಸುತ್ತೇನೆ, ನೀವು ಹೂಂ ಅನ್ನುವವರೆಗೆ ಇನ್ನೊಬ್ಬರಿಗೆ ತೋರಿಸುವುದಿಲ್ಲ. ನನಗೆ ಇದು ಒಳ್ಳೆಯ ಸಂಪ್ರದಾಯ ಅನ್ನಿಸಿತ್ತು. ಅದು ಎಷ್ಟು ಭಾರದ ಮಾತು ಅನ್ನುವುದು ಹಣಮವ್ವ ಸತ್ತಾಗ ಗೊತ್ತಾಯಿತು.

ನಗರದ ಅಂಚಿನಲ್ಲಿ ಒಂದು ದೊಡ್ಡ ಫಂಕ್ಷನ್ ಹಾಲ್ ಏಳುತ್ತಿತ್ತು. ಯಾದಗಿರಿ ಕಡೆಯಿಂದ ಬಂದವರು ಅಲ್ಲಿ ಬಹಳ ಜನ ಕೆಲಸಕ್ಕಿದ್ದರು. ಸಾಬಣ್ಣ ಆರು ತಿಂಗಳು ಅಲ್ಲಿ ಓಡಾಡಿ ಐದು ಹೆಂಗಸರ ಚಿತ್ರ ತೆಗೆದಿದ್ದರು. ಮಧ್ಯಾಹ್ನ ಬುತ್ತಿ ಬಿಚ್ಚಿಕೊಂಡು ಕೂತ ಐವರೂ ಸರದಿಯಂತೆ ಹೆಸರು, ಊರು, ಕೆಲಸ ಹೇಳುವುದು ಅದರಲ್ಲಿತ್ತು. ಒಂದು ದಿನ ಮೇಲಿನ ಅಂತಸ್ತಿಗೆ ಕಾಂಕ್ರೀಟು ಹಾಕುವಾಗ ಕೆಳಗೆ ಆಸರೆಗೆ ನಿಲ್ಲಿಸಿದ ಕಂಬಗಳು ಜಾರಿ ಎಲ್ಲವೂ ಕುಸಿಯಿತು. ಐವರಲ್ಲಿ ಒಬ್ಬಳಾದ ಹಣಮವ್ವ ಅದರ ಜೊತೆಗೇ ಬಿದ್ದು, ಅಡಿಯಲ್ಲಿ ಸಿಕ್ಕಿ ಸತ್ತಳು. ಅವಳ ಹೆಸರು ಯಾವ ಹಾಜರಿ ಪುಸ್ತಕದಲ್ಲೂ ಇರಲಿಲ್ಲ. ಗುತ್ತಿಗೆದಾರ, ಆಕೆ ನಮ್ಮ ಕೆಲಸದವಳಲ್ಲ, ಯಾರಿಗೋ ಬುತ್ತಿ ಕೊಡಲು ಬಂದಿದ್ದಳು ಎಂದು ಬರೆದುಕೊಟ್ಟ.

ಹಣಮವ್ವನ ಗಂಡ ತಿಪ್ಪಣ್ಣ ನಾಂಪಲ್ಲಿಯಲ್ಲಿ ಹಮಾಲಿ ಮಾಡುತ್ತಿದ್ದ. ಸಾಬಣ್ಣನವರ ಕೋಣೆಗೆ ಬಂದು ಗೋಡೆಗೆ ಒರಗಿ ನಿಂತ. ಕೂಡು ಎಂದರೂ ಕೂಡಲಿಲ್ಲ. "ಆಕಿ ಅಲ್ಲಿ ಕೆಲಸಾನ ಮಾಡ್ಲಿಲ್ಲಂತರಿ. ಹಂಗಾರ ಎರಡು ವರ್ಷ ಮುಂಜಾನೆದ್ದು ಎಲ್ಲಿಗೆ ಹೋಗತಿದ್ಲು?" ಅಂದ. ಅದನ್ನು ಅವನು ನಿಜವಾಗಿಯೂ ನಮ್ಮನ್ನು ಕೇಳುತ್ತಿದ್ದ.

ಸಾವಿನ ಪರಿಹಾರಕ್ಕೆ ಕಾರ್ಮಿಕ ಇಲಾಖೆ ನಡೆಸುವ ವಿಚಾರಣೆಗೆ ಎಂಟು ದಿನ ಇತ್ತು. ಚಿತ್ರದಲ್ಲಿ ಹಣಮವ್ವ ತನ್ನ ಬಾಯಿಂದಲೇ ಎಲ್ಲ ಹೇಳಿದ್ದಾಳಲ್ಲ, ನಾಳೆಯೇ ಕೊಟ್ಟುಬಿಡೋಣ ಎಂದೆ. ಸಾಬಣ್ಣ, ಉಳಿದ ನಾಲ್ವರು ಹೂಂ ಅನ್ನಬೇಕು ಎಂದರು. ನನಗೆ ಸಿಟ್ಟು ಬಂತು. ಸತ್ತವಳ ಕಡೆ ನೋಡಿ ಎಂದು ದನಿ ಎತ್ತಿದೆ. ಅವರು ಎತ್ತಲಿಲ್ಲ. "ಅವರು ಇನ್ನೂ ದುಡಿದು ಉಣ್ಣಬೇಕಲ್ರಿ ಅಕ್ಕಾರ" ಅಂದರು, ಅಷ್ಟೇ.

ದುರಂತದ ಮೇಲೆ ನಾಲ್ವರೂ ಊರು ಸೇರಿದ್ದರು. ಕಾಚಿಗೂಡದಲ್ಲಿ ರೈಲು ಹತ್ತಿ ನಾವಿಬ್ಬರೂ ಹೊರಟೆವು. ಮೂವರು ಅರ್ಧ ಗಂಟೆಯಲ್ಲಿ ಒಪ್ಪಿದರು. ಒಬ್ಬಳು ಮಾತ್ರ ತನ್ನ ಕುಪ್ಪಸ ಹೆಗಲ ಹತ್ತಿರ ಹರಿದದ್ದು ಕಾಣಬಾರದು ಎಂದಳು. ಸಾಬಣ್ಣ ಅದನ್ನು ಬರೆದುಕೊಂಡರು.

ನಾಲ್ಕನೆಯವಳು ಮರೆಮ್ಮ, ಹಣಮವ್ವನ ನೆಗೆಣ್ಣಿ. ಇಬ್ಬರೂ ಒಂದೇ ಮನೆಗೆ ಸೊಸೆಯಂದಿರಾಗಿ ಬಂದವರು, ಒಂದೇ ಕಡೆ ದುಡಿದವರು. ಸಾಬಣ್ಣ ಲ್ಯಾಪ್‌ಟಾಪಿನಲ್ಲಿ ಅವಳಿಗೆ ಚಿತ್ರ ತೋರಿಸಿದರು. ಅದರಲ್ಲಿ ಹಣಮವ್ವ ಮರೆಮ್ಮನ ಬುತ್ತಿಯಿಂದ ಪುಂಡಿಪಲ್ಯ ಎತ್ತಿಕೊಂಡು ರೊಟ್ಟಿಗೆ ಸುತ್ತುತ್ತಿದ್ದಳು. ಮರೆಮ್ಮ ಪೂರ್ತಿ ನೋಡಿ, ಬೇಡ ಎಂದಳು. ಆ ಹಾಲಿನಲ್ಲಿ ಅವರಿಂದ ಕೆಲಸ ಮಾಡಿಸುತ್ತಿದ್ದ ಮೇಸ್ತ್ರಿಯ ಕೈಕೆಳಗೇ ಅವಳ ಗಂಡ ಬೇರೆ ಕಡೆ ಕೆಲಸದಲ್ಲಿದ್ದ. ನಾನು ಬಾಯಿ ತೆರೆದೆ. ಸಾಬಣ್ಣ ಆ ಹೊತ್ತಿಗೆ ಚಹಾದ ಬಟ್ಟಲು ಕೆಳಗಿಟ್ಟು, "ಆತು ತಂಗಿ" ಎಂದು ಎದ್ದೇಬಿಟ್ಟಿದ್ದರು. ಒಪ್ಪಿಸುವ ಒಂದು ಮಾತೂ ಆಡಲಿಲ್ಲ.

ಹಿಂದಿರುಗುವಾಗ ರೈಲಿನಲ್ಲಿ ನಾನು ಅವರ ಜೊತೆ ಮಾತಾಡಲಿಲ್ಲ. ತಾಂಡೂರು ದಾಟಿದ ಮೇಲೆ ತಡೆಯಲಾಗದೆ, ಮರೆಮ್ಮನ ಮುಖವನ್ನು ಮಸುಕು ಮಾಡಬಹುದಲ್ಲ ಎಂದೆ. ಐವರೂ ಒತ್ತೊತ್ತಾಗಿ ಕೂತಿದ್ದರು, ಅವಳನ್ನು ಬಿಟ್ಟು ಹಣಮವ್ವನನ್ನು ತೋರಿಸಲು ಆಗುತ್ತಿರಲಿಲ್ಲ. "ಮೇಸ್ತ್ರಿಗೆ ಮಾರಿ ಕಾಣಬೇಕಾಗಿಲ್ರಿ, ಕೈ ಕಂಡ್ರ ಸಾಕು. ಎರಡು ವರ್ಷ ಆ ಕೈ ನೋಡ್ಯಾನ" ಅಂದರು. ಆಮೇಲೆ ಕಿಟಕಿಯ ಕಡೆ ತಿರುಗಿ, ನನ್ನ ಪಾಲಿನ ಕಡಲೆಕಾಯಿಯನ್ನೂ ತಿಂದರು.

ವಿಚಾರಣೆಯ ದಿನ ಬೆಳಿಗ್ಗೆ ಸರ್ಕಾರಿ ಕಚೇರಿಯ ಪಡಸಾಲೆಯಲ್ಲಿ ತಿಪ್ಪಣ್ಣ, ಸಾಬಣ್ಣ, ನಾನು ಕೂತಿದ್ದೆವು. ನಮ್ಮ ಕೈಯಲ್ಲಿ ಇದ್ದದ್ದು ಹಣಮವ್ವ ನಮ್ಮ ಜೊತೆ ದುಡಿದವಳು ಎಂದು ಆ ಮೂವರು ಹೆಬ್ಬೆಟ್ಟು ಒತ್ತಿದ ಕಾಗದ ಮಾತ್ರ. ಗುತ್ತಿಗೆದಾರನ ಕಡೆಯವರು ಒಂದು ದಪ್ಪ ಫೈಲು ತಂದಿದ್ದರು. ಹನ್ನೊಂದು ಗಂಟೆಯ ಸುಮಾರಿಗೆ ಮರೆಮ್ಮ ಬಂದಳು. ಒಬ್ಬಳೇ. ಕೈಯಲ್ಲಿ ಒಂದು ಪ್ಲಾಸ್ಟಿಕ್ ಚೀಲ, ಅದರಲ್ಲಿ ರೊಟ್ಟಿ. ಕಾಚಿಗೂಡದಿಂದ ದಾರಿ ಕೇಳುತ್ತ ಕೇಳುತ್ತ ನಡೆದೇ ಬಂದಿದ್ದಳು. ಸಾಬಣ್ಣನವರ ಎದುರಿಗೆ ನಿಂತು, "ಆ ಡಬ್ಬಿಯೊಳಗಿಂದು ಬ್ಯಾಡ ಅಣ್ಣಾ. ನಾನ ಬಂದೀನಿ" ಅಂದಳು. ಗಂಡನಿಗೆ ಹೇಳಿಯೇ ಬಂದಿದ್ದಳಂತೆ. ಕೆಲಸ ಹೋದರೆ ಇನ್ನೊಂದು ಕೂಲಿ ಅಡ್ಡಾ ನೋಡೋಣ ಎಂದಿದ್ದನಂತೆ ಅವನು.

ಅಧಿಕಾರಿಗೆ ಕನ್ನಡ ಬರುತ್ತಿರಲಿಲ್ಲ. ಮರೆಮ್ಮನ ಮಾತನ್ನು ನಾನು ತೆಲುಗಿನಲ್ಲಿ ಹೇಳಬೇಕೆಂದಾಯಿತು. ಹಣಮವ್ವ ಅಲ್ಲಿ ಕೆಲಸ ಮಾಡುತ್ತಿದ್ದಳೇ ಎಂದು ಅವರು ಕೇಳಿದರು. ಮರೆಮ್ಮ ಮೇಜಿನ ಅಂಚನ್ನು ಹಿಡಿದುಕೊಂಡಳು.

"ಒಬ್ಬಾಕಿ ಕೆಳಗ ಬುಟ್ಟಿ ತುಂಬೂದು, ಒಬ್ಬಾಕಿ ಮ್ಯಾಲ ಒಯ್ಯೂದು. ದಿನಾ ಪಾಳಿ ಇತ್ರಿ. ಅವತ್ತು ಮ್ಯಾಲ ಹೋಗೂದು ನನ್ನ ಪಾಳಿ. ನನ್ನ ಕಾಲಿಗೆ ಮೊಳೆ ನಟ್ಟಿತ್ತು. ನೀ ಕೆಳಗ ಇರು ಅಂತ್ಹೇಳಿ ಆಕಿ ಹೋದ್ಲು."

ನನಗೆ ತೆಲುಗು ಮರೆತುಹೋಯಿತು. ಹುಟ್ಟಿದಂದಿನಿಂದ ಮನೆಯ ಹೊರಗೆ ಆಡಿದ ಭಾಷೆ ಅದು. ಅಧಿಕಾರಿ ಪೆನ್ನು ಹಿಡಿದು ಕಾಯುತ್ತಿದ್ದರು. ಒಂದೊಂದೇ ಪದ ಹುಡುಕಿ ಹೇಳಿ ಮುಗಿಸಿದೆ. ಅವರು ಬರೆದುಕೊಂಡರು, ಆಮೇಲೆ ಮರೆಮ್ಮನಿಗೆ ಕುರ್ಚಿ ಕೊಡಲು ಹೇಳಿದರು. ಬೇರೆ ಯಾರು ಯಾರು ಕೆಲಸದಲ್ಲಿದ್ದರು ಎಂದು ಕೇಳಿದಾಗ ಅವಳು ಬೆರಳು ಮಡಚುತ್ತ ಇಪ್ಪತ್ತೆರಡು ಹೆಸರು ಹೇಳಿದಳು. ಗುತ್ತಿಗೆದಾರನ ಕಡೆಯವರು ತಮ್ಮ ಫೈಲನ್ನು ಬಿಚ್ಚಲಿಲ್ಲ. ಸಂಜೆಯೊಳಗೆ, ಹಣಮವ್ವ ಅಲ್ಲಿಯ ಕೆಲಸದವಳೇ, ಕೆಲಸದ ಮೇಲಿದ್ದಾಗಲೇ ಸತ್ತಳು ಎಂದು ದಾಖಲಾಯಿತು. ತಿಪ್ಪಣ್ಣ ಆ ಕಾಗದವನ್ನು ನನ್ನಿಂದ ಎರಡು ಸಲ ಓದಿಸಿದ.

ಸಾಬಣ್ಣ ಅಷ್ಟೂ ಹೊತ್ತು ಕ್ಯಾಮೆರಾದ ಚೀಲವನ್ನು ಮಡಿಲಲ್ಲಿಟ್ಟುಕೊಂಡು ಪಡಸಾಲೆಯಲ್ಲೇ ಕೂತಿದ್ದರು. ಮರೆಮ್ಮ ಬರುವುದನ್ನಾದರೂ ತೆಗೆಯಬಹುದಿತ್ತಲ್ಲ ಎಂದೆ. "ನಾ ಕ್ಯಾಮೆರಾ ತಗದಿದ್ರ ಆಕಿ ನನಗ ಹೇಳಿ ಊರಿಗೆ ಹೋಗಿಬಿಡತಿದ್ಲ್ರಿ. ಸಾಹೇಬಗ ಹೇಳಬೇಕಾಗಿತ್ತು" ಅಂದರು. ಬಸ್ ನಿಲ್ದಾಣದವರೆಗೆ ನಡೆದ ಮೇಲೆ, "ಭಾಳ ಛಲೋ ಆತ್ರಿ ಅಕ್ಕಾರ. ಆರು ತಿಂಗಳ ಕೆಲಸ ಯಾತಕ್ಕೂ ಬೇಕಾಗಲಿಲ್ಲ" ಎಂದರು. ಅವರನ್ನು ಅಷ್ಟು ಸಂತೋಷದಲ್ಲಿ ನಾನು ನೋಡಿರಲಿಲ್ಲ. ಮುಖ ಎಂದಿನ ಹಾಗೇ ಇತ್ತು; ಆದರೆ ಆ ದಾರಿಯಲ್ಲಿ ಒಂದು ಕಟ್ಟಡದ ಮುಂದೆಯೂ ನಿಲ್ಲಲಿಲ್ಲ.

ವರ್ಷದ ಮೇಲೆ ಮರೆಮ್ಮ ತಾನಾಗಿಯೇ ಹೂಂ ಎಂದಳು, ಚಿತ್ರ ಪೂರ್ತಿಯಾಯಿತು. ಮೊದಲ ಪ್ರದರ್ಶನವನ್ನು ಅದೇ ಫಂಕ್ಷನ್ ಹಾಲಿನಲ್ಲಿ ಇಡಬೇಕೆಂದು ಸಾಬಣ್ಣನವರ ಆಸೆ. ವಿಚಾರಿಸಲು ಹೋದೆವು. ಮ್ಯಾನೇಜರು ಒಳ್ಳೆಯ ಮನುಷ್ಯ. ಎಷ್ಟು ಪ್ಲೇಟು, ವೆಜ್ಜೋ ನಾನ್‌ವೆಜ್ಜೋ ಎಂದು ಕೇಳಿದರು. ಊಟ ಇಲ್ಲ, ಇದನ್ನು ಕಟ್ಟಿದವರ ಸಿನೆಮಾ ತೋರಿಸುತ್ತೇವೆ ಎಂದು ಸಾಬಣ್ಣ ಹೇಳಿದಾಗ, ಮಾಲೀಕರ ಕುಟುಂಬದ ಚಿತ್ರವೇ ಎಂದು ಅವರು ಎದ್ದು ನಿಂತರು. ಕೊನೆಗೆ ಚಿತ್ರ ತೋರಿಸಿದ್ದು ನಮ್ಮ ಸಂಘದಲ್ಲಿ. ಹೊಸ ಅಧ್ಯಕ್ಷರು ಕನ್ನಡದಲ್ಲಿಯೇ ಭೀಮವ್ವನಿಗೆ ಕುರ್ಚಿಯ ಲೆಕ್ಕ ಹೇಳಿದರು. ಭೀಮವ್ವ ಅಷ್ಟೂ ಜೋಡಿಸಿ ಮುಗಿಸಿ ಮೊದಲ ಸಾಲಿನಲ್ಲಿ ಕೂತಳು.

ಸಾಬಣ್ಣನವರಿಗೆ ಕೆಮ್ಮು ಮೊದಲಿನಿಂದಲೂ ಇತ್ತು. ಚಿಕ್ಕಂದಿನಲ್ಲಿ ಕಲ್ಲುಪುಡಿಯ ನಡುವೆ ಬೆಳೆದದ್ದು ಎದೆಯಲ್ಲಿ ಉಳಿದಿದೆ ಎಂದು ವೈದ್ಯರು ಹೇಳಿದರು, ಶುದ್ಧ ಗಾಳಿ ಇರುವಲ್ಲಿಗೆ ಹೋಗಿ ಎಂದರು. ಅವರಿಗೆ ಇದ್ದ ಒಂದೇ ಊರು ಅಕ್ಕ ಯಲ್ಲವ್ವನದು, ಅಲ್ಲಿಗೆ ಹೋದರು. ಹಳ್ಳಿಯ ಪಕ್ಕದಲ್ಲೇ ನೆಲಕ್ಕೆ ಹಾಸುವ ಪರಸಿ ಕಲ್ಲಿನ ಗಣಿ ಇದೆ ಎಂದು ಫೋನಿನಲ್ಲಿ ತಿಳಿಸಿದರು. ನಾಲ್ಕು ತಿಂಗಳ ನಂತರ ಯಲ್ಲವ್ವನ ಮನೆಯಿಂದ ಫೋನು ಬಂತು. ನನಗೆ ರಜೆ ಸಿಕ್ಕಿ ನಾನು ತಲುಪುವ ಹೊತ್ತಿಗೆ ಸಾಬಣ್ಣನವರ ಮಣ್ಣಾಗಿ ಐದು ದಿನ ಆಗಿತ್ತು.

ಯಲ್ಲವ್ವ ತಮ್ಮನ ಸಿನೆಮಾ ಒಂದನ್ನೂ ನೋಡಿರಲಿಲ್ಲ. ಅವನು ಹೈದರಾಬಾದಿನಲ್ಲಿ ಮದುವೆ ವಿಡಿಯೋ ತೆಗೆಯುತ್ತಾನೆ ಎಂದೇ ತಿಳಿದಿದ್ದರು. ನಾನು ಲ್ಯಾಪ್‌ಟಾಪನ್ನು ಜೋಳದ ಚೀಲದ ಮೇಲೆ ಇಟ್ಟು ಫಂಕ್ಷನ್ ಹಾಲಿನ ಚಿತ್ರ ಹಚ್ಚಿದೆ. ಅವರು ಗೋಡೆಗೆ ಒರಗಿ ಕೊನೆಯವರೆಗೆ ನೋಡಿದರು. ಮುಗಿದ ಮೇಲೆ ಕೇಳಿದರು: "ಇದ್ರಾಗ ನಮ್ಮ ಸಾಬಣ್ಣ ಎಲ್ಲದಾನವ್ವಾ?"

ತೆಗೆಯುವವರು ಒಳಗೆ ಕಾಣುವುದಿಲ್ಲ, ಕ್ಯಾಮೆರಾದ ಹಿಂದೆ ಇರುತ್ತಾರೆ ಎಂದು ವಿವರಿಸಿದೆ. ಹಿಂದೆ ಎಂದರೆ ಎಲ್ಲಿ ಎಂದರು. ನಾನು ಚಿತ್ರವನ್ನು ಹಿಂದಕ್ಕೆ ಸರಿಸಿ, ಹಣಮವ್ವ ರೊಟ್ಟಿ ಮುರಿಯುತ್ತ ತಲೆ ಎತ್ತಿ ನಗುವಲ್ಲಿ ನಿಲ್ಲಿಸಿದೆ.

"ಈಕಿ ನೋಡಾಕತ್ತಾಳಲ್ರಿ, ಅಲ್ಲಿ ಕುಂತಿದ್ರು."

ಯಲ್ಲವ್ವ ಮುಂದಕ್ಕೆ ಬಾಗಿ ಹಣಮವ್ವನ ಮುಖವನ್ನು ಬಹಳ ಹೊತ್ತು ನೋಡಿದರು.

"ಯಾಕ ನಗತಾಳಕಿ?"

"ಸಾಬಣ್ಣ ಏನರ ಅಂದಿರಬೇಕ್ರಿ."

"ಏನಂದ?"

ನನಗೆ ಗೊತ್ತಿರಲಿಲ್ಲ. ಸಾಬಣ್ಣ ತಮ್ಮ ದನಿ ಬಂದ ಕಡೆಯಲ್ಲೆಲ್ಲ ಅದನ್ನು ನನಗೆ ಬರೆಯಲು ಕೊಡುವ ಮೊದಲೇ ಕತ್ತರಿಸಿ ತೆಗೆದಿದ್ದರು. ಯಲ್ಲವ್ವನಿಗೆ ಹಾಗೇ ಹೇಳಿದೆ. ಅವರು ಸೆರಗಿನಿಂದ ಪರದೆಯ ಮೇಲಿನ ಧೂಳು ಒರೆಸಿ, ಸ್ವಲ್ಪ ಹತ್ತಿರಕ್ಕೆ ಸರಿದು ಕೂತರು.

"ಅಷ್ಟು ಇನ್ನೊಮ್ಮಿ ಹಚ್ಚು" ಅಂದರು.